ಗಡಿಯಾರಕ್ಕಿಂತ ಆ ಕಾಗದ: ಮೂಕಿ ಚಿತ್ರಗಳಲ್ಲಿ ಪೇಟೆಗೆ ಬಂದ ಹಳ್ಳಿಯವರು

ಪ್ರಶ್ನೆ: ನಮ್ಮ ತಂದೆ ಎಪ್ಪತ್ತರ ದಶಕದಲ್ಲಿ ಅರಸೀಕೆರೆ ಕಡೆಯ ಹಳ್ಳಿಯಿಂದ ಬೆಂಗಳೂರಿಗೆ ಬಂದು ಚಿಕ್ಕಪೇಟೆಯ ಜವಳಿ ಅಂಗಡಿಯೊಂದರಲ್ಲಿ ಕೆಲಸಕ್ಕೆ ಸೇರಿದವರು. ಮೊನ್ನೆ ಅವರ ಜೊತೆ ಕೂತು ಅಮೆರಿಕದ ಮೂಕಿ ಹಾಸ್ಯನಟ ಹೆರಾಲ್ಡ್ ಲಾಯ್ಡ್‌ನ ‘ಸೇಫ್ಟಿ ಲಾಸ್ಟ್!’ ನೋಡಿದೆ. ಗಡಿಯಾರದ ಮುಳ್ಳಿಗೆ ಜೋತುಬೀಳುವಾಗ ನಾನು ಬಿದ್ದು ಬಿದ್ದು ನಕ್ಕೆ. ಅಪ್ಪ ನಕ್ಕಿದ್ದು ಅಲ್ಲಲ್ಲ. ಹುಡುಗ ಊರಿಗೆ ‘ಇಲ್ಲಿ ದೊಡ್ಡ ಕೆಲಸದಲ್ಲಿದ್ದೇನೆ’ ಅನ್ನುವ ಹಾಗೆ ಕಾಗದ ಬರೆಯುವ ಕಡೆ ನಕ್ಕರು, ಆಮೇಲೆ ಬಹಳ ಹೊತ್ತು ಮಾತಾಡಲಿಲ್ಲ. ಮೂಕಿ ಕಾಲದಲ್ಲಿ ಹಳ್ಳಿಯವರು ಪೇಟೆಗೆ ಬರುವ ಹಾಸ್ಯಚಿತ್ರಗಳು ಬಹಳ ಇದ್ದವಂತೆ. ಅವು ಹಳ್ಳಿಯವರನ್ನು ಗೇಲಿ ಮಾಡುವಂಥವೇ? ಅಪ್ಪನಿಗೆ ಇನ್ನು ಯಾವುದನ್ನು ತೋರಿಸಬಹುದು?

ಉತ್ತರ: ನಿಮ್ಮ ತಂದೆ ನಕ್ಕ ಜಾಗದಲ್ಲೇ ಆ ಚಿತ್ರದ ಜೀವ ಇದೆ. ಗಡಿಯಾರದ ಚಿತ್ರ ಪೋಸ್ಟರ್‌ಗಳಲ್ಲಿ, ಟೀ ಶರ್ಟುಗಳ ಮೇಲೆ ಲೋಕವೆಲ್ಲ ಸುತ್ತಿದೆ. ಆದರೆ ಲಾಯ್ಡ್ ಆ ಗಡಿಯಾರದವರೆಗೆ ಹೋಗುವುದೇ ಆ ಕಾಗದದ ದೆಸೆಯಿಂದ. ಮೊದಲು ಅದನ್ನು ಬಿಡಿಸಿ ಹೇಳುತ್ತೇನೆ, ಗೇಲಿಯ ಪ್ರಶ್ನೆಗೆ ಆಮೇಲೆ ಬರುತ್ತೇನೆ.

1923ರ ಆ ಚಿತ್ರದಲ್ಲಿ ಹುಡುಗ ಗ್ರೇಟ್ ಬೆಂಡ್ ಎಂಬ ಸಣ್ಣ ಊರಿನವನು. ಪೇಟೆಗೆ ಹೋಗಿ ದುಡಿದು ನೆಲೆ ಕಂಡುಕೊಳ್ಳುತ್ತೇನೆ, ಆಮೇಲೆ ಮದುವೆ ಅಂತ ಹುಡುಗಿಗೆ ಮಾತು ಕೊಟ್ಟು ರೈಲು ಹತ್ತುತ್ತಾನೆ. ಆ ಬೀಳ್ಕೊಡುಗೆಯ ಮೊದಲ ಶಾಟನ್ನು ನೆನಪಿಸಿಕೊಳ್ಳಿ: ಕಂಬಿಗಳ ಹಿಂದೆ ಹುಡುಗ, ಅಳುತ್ತಿರುವ ಹೆಂಗಸರು, ಪಾದ್ರಿ, ಹಿಂದೆ ನೇತಾಡುವ ಕುಣಿಕೆ. ಗಲ್ಲಿಗೆ ಹಾಕುತ್ತಿದ್ದಾರೆ ಅಂದುಕೊಳ್ಳುತ್ತೇವೆ. ಕ್ಯಾಮೆರಾ ಜಾಗ ಬದಲಿಸಿದಾಗ ಗೊತ್ತಾಗುತ್ತದೆ, ಅದು ರೈಲ್ವೆ ಸ್ಟೇಷನ್, ಆ ಕುಣಿಕೆ ಓಡುವ ರೈಲಿನವರಿಗೆ ಆದೇಶದ ಚೀಟಿ ಕೊಡುವ ಬಳೆ. ನಗು ಬರುತ್ತದೆ, ನಿಜ. ಆದರೆ ಊರು ಬಿಡುವವನ ಮನೆಯಲ್ಲಿ ಆ ಹೊತ್ತು ಸಾವಿನ ಮನೆಯ ಹಾಗೇ ಇರುತ್ತದೆ ಅನ್ನುವುದನ್ನು ಬಲ್ಲವರು ಮಾತ್ರ ಇಂಥ ದೃಶ್ಯ ಕಟ್ಟಬಲ್ಲರು.

ಪೇಟೆಯಲ್ಲಿ ಅವನ ಕೆಲಸ ದೊಡ್ಡ ಅಂಗಡಿಯ ಬಟ್ಟೆ ಕೌಂಟರಿನಲ್ಲಿ, ಸಂಬಳ ವಾರಕ್ಕೆ 15 ಡಾಲರ್. ಗೆಳೆಯನೊಬ್ಬನ ಜೊತೆ ಬಾಡಿಗೆ ಕೋಣೆ. ಬಾಡಿಗೆ ಕೊಟ್ಟಿಲ್ಲ, ಮನೆಯೊಡತಿ ಬಾಗಿಲು ತಟ್ಟಿದಾಗ ಇಬ್ಬರೂ ಗೋಡೆಗೆ ನೇತುಹಾಕಿದ ಕೋಟುಗಳೊಳಗೆ ತೂರಿ, ಕಾಲು ಮಡಚಿಕೊಂಡು, ತಾವೇ ಕೋಟುಗಳಾಗಿ ಗೂಟಕ್ಕೆ ನೇತಾಡುತ್ತಾರೆ. ಇಂಥ ಸ್ಥಿತಿಯಲ್ಲಿ ಊರಿಗೆ ಹೋಗುವ ಕಾಗದದಲ್ಲಿ ಇರುವುದೆಲ್ಲ ಏಳಿಗೆಯ ಸುದ್ದಿ. ಬರಿ ಮಾತು ಸಾಲದು ಅಂತ ಗೆಳೆಯನ ಗ್ರಾಮಫೋನನ್ನು ಒತ್ತೆ ಇಟ್ಟು ಹುಡುಗಿಗೆ ಒಂದು ಪದಕ ಕಳಿಸುತ್ತಾನೆ. ಮುಂದೆ ಆ ಪದಕಕ್ಕೊಂದು ಸರ ಬೇಕಲ್ಲ. ಸರ ಕೊಳ್ಳಲು ಕಾಸು ಎಣಿಸಿ ಕೊಡುವಾಗ, ಅವನ ಕಣ್ಣಮುಂದಿದ್ದ ಊಟದ ತಟ್ಟೆಗಳು ಒಂದೊಂದೇ ಮಾಯವಾಗುತ್ತವೆ. ಅನ್ನ ಬಿಟ್ಟು ಮಾನ ಕೊಳ್ಳುವುದನ್ನು ಒಂದೇ ಒಂದು ಮಾತಿಲ್ಲದೆ ಇಷ್ಟು ಸ್ಪಷ್ಟವಾಗಿ ತೋರಿಸಿದ ಮತ್ತೊಂದು ದೃಶ್ಯ ನನಗೆ ಕಂಡಿಲ್ಲ.

ಆಮೇಲಿನದು ಲೆಕ್ಕದ ಹಾಗೆ ಸಾಗುತ್ತದೆ. ಅಷ್ಟೊಂದು ದುಡ್ಡಿರುವ ಹುಡುಗ ಪೇಟೆಯಲ್ಲಿ ಒಬ್ಬನೇ ಇರುವುದು ಒಳ್ಳೆಯದಲ್ಲ ಅಂತ ಹುಡುಗಿಯ ತಾಯಿ ಹೇಳುತ್ತಾಳೆ. ಹುಡುಗಿ ಅಂಗಡಿಗೇ ಬಂದು ಇಳಿಯುತ್ತಾಳೆ. ಗುಮಾಸ್ತ ಮ್ಯಾನೇಜರನ ವೇಷ ಹಾಕಬೇಕಾಗುತ್ತದೆ. ಮದುವೆಗೆ ದುಡ್ಡು ಬೇಕು. ಅಂಗಡಿಗೆ ಜನ ಸೇರಿಸುವ ಉಪಾಯ ಹೇಳಿದವರಿಗೆ 1,000 ಡಾಲರ್ ಬಹುಮಾನ ಅಂತ ನಿಜವಾದ ಮ್ಯಾನೇಜರನ ಮಾತು ಕಿವಿಗೆ ಬೀಳುತ್ತದೆ. ಗೋಡೆ ಹತ್ತುವ ಕಸುಬಿನ ಗೆಳೆಯನನ್ನು ಆ 12 ಮಹಡಿಯ ಕಟ್ಟಡ ಹತ್ತಿಸಿ ಬಹುಮಾನದಲ್ಲಿ ಅರ್ಧ ಕೊಡುವ ಒಪ್ಪಂದವಾಗುತ್ತದೆ. ಪೊಲೀಸನೊಬ್ಬ ಗೆಳೆಯನ ಬೆನ್ನುಹತ್ತಿದ್ದರಿಂದ ‘ಇನ್ನೊಂದು ಮಹಡಿ, ಅಷ್ಟೇ’ ಅನ್ನುತ್ತ ಅನ್ನುತ್ತ ಹುಡುಗನೇ ಹತ್ತಬೇಕಾಗುತ್ತದೆ. ಕಾಗದದಲ್ಲಿ ಒಂದೇ ಉಸಿರಿಗೆ ಏರಿದ ಎತ್ತರವನ್ನು ಈಗ ಉಗುರಿನಲ್ಲಿ ಇಟ್ಟಿಗೆ ಹಿಡಿದು ತೀರಿಸುತ್ತಿದ್ದಾನೆ. ನಿಮ್ಮ ತಂದೆಗೆ ಗಡಿಯಾರ ಕಾಣುವ ಮೊದಲೇ ಅದು ಗೊತ್ತಾಗಿರಬೇಕು. ‘ಇತ್ತ ಎಲ್ಲವೂ ಕ್ಷೇಮ’ ಅಂತ ಇನ್‌ಲ್ಯಾಂಡ್ ಲೆಟರಿನಲ್ಲಿ ಬರೆದು, ಮಡಚಿ, ಅಂಟು ನೆಕ್ಕಿ ಡಬ್ಬಿಗೆ ಹಾಕಿದವರಿಗೆ ಆ ಸುಳ್ಳಿನ ತೂಕ ಯಾರೂ ಹೇಳಿಕೊಡಬೇಕಿಲ್ಲ.

ಆ ಏರುವಿಕೆಯ ಬಗ್ಗೆ ಒಂದು ಮಾತು, ಯಾಕೆಂದರೆ ಇದನ್ನು ಎಲ್ಲರೂ ಕೇಳುತ್ತಾರೆ. ಅದರಲ್ಲಿ ನಟನ ಹಿಂದೆ ಪರದೆ ಕಟ್ಟಿ ಬೀದಿಯ ಚಿತ್ರ ಬಿಡುವ ಮೋಸ ಇಲ್ಲ. ಲಾಸ್ ಏಂಜಲೀಸ್‌ನ ಪೇಟೆಬೀದಿಯ ನಿಜವಾದ ಕಟ್ಟಡಗಳ ಮಾಳಿಗೆಯ ಮೇಲೆ ಗೋಡೆಯ ಸೆಟ್ಟು ಕಟ್ಟಿ, ಕೆಳಗಿನ ನಿಜವಾದ ಬೀದಿ ಕಾಣುವಂತೆ ಕ್ಯಾಮೆರಾ ಇಟ್ಟರು. ಹುಡುಗ ಮೇಲೆ ಹೋದಂತೆ ಇನ್ನೂ ಎತ್ತರದ ಕಟ್ಟಡದ ಮಾಳಿಗೆಗೆ ಸೆಟ್ಟು ಹೋಯಿತು. ಕೆಳಗೆ ಹಾಸಿಗೆ ಹಾಸಿದ ಅಟ್ಟಣಿಗೆ ಇತ್ತು. ದೂರದ ಶಾಟುಗಳಲ್ಲಿ ಹತ್ತಿದವನು, ಗೆಳೆಯನ ಪಾತ್ರ ಮಾಡಿದ ಬಿಲ್ ಸ್ಟ್ರದರ್. ಅವನ ನಿಜವಾದ ಕಸುಬೇ ಕಟ್ಟಡ ಹತ್ತುವುದು. ಇಷ್ಟಾದರೂ ಲಾಯ್ಡ್ ಮಾಡಿದ್ದು ಸಣ್ಣದಲ್ಲ. 1919ರಲ್ಲಿ ಫೋಟೋ ತೆಗೆಯುವಾಗ ನಕಲಿ ಬಾಂಬ್ ಅಂದುಕೊಂಡದ್ದು ಸಿಡಿದು ಅವನ ಬಲಗೈಯ ಹೆಬ್ಬೆರಳು, ತೋರುಬೆರಳು ಹೋಗಿದ್ದವು. ಕೈಗವಸಿನಂಥ ಕೃತಕ ಬೆರಳು ತೊಟ್ಟು ಆ ಗಡಿಯಾರ ಹಿಡಿದಿದ್ದಾನೆ.

ಈಗ ಗೇಲಿಯ ಪ್ರಶ್ನೆ. ಶುರುವಿನಲ್ಲಿ ಅದು ಪೂರಾ ಗೇಲಿಯೇ ಆಗಿತ್ತು. ಸಿನಿಮಾ ಹುಟ್ಟಿದ ಕೆಲವೇ ವರ್ಷಕ್ಕೆ, 1901ರಲ್ಲಿ, ಲಂಡನ್ನಿನ ಆರ್. ಡಬ್ಲ್ಯು. ಪಾಲ್ ಒಂದು ತುಣುಕು ಚಿತ್ರ ಮಾಡಿದ: ಹಳ್ಳಿಯವನೊಬ್ಬ ಸಿನಿಮಾ ನೋಡಲು ಬಂದು ಪರದೆಯ ಮೇಲಿನ ರೈಲು ಕಂಡು ಹೆದರುತ್ತಾನೆ. ಮರುವರ್ಷ ಅಮೆರಿಕದಲ್ಲಿ ಎಡಿಸನ್ ಕಂಪನಿಗಾಗಿ ಎಡ್ವಿನ್ ಪೋರ್ಟರ್ ಅದನ್ನೇ ಹಿಗ್ಗಿಸಿ ‘ಅಂಕಲ್ ಜಾಶ್ ಅಟ್ ದಿ ಮೂವಿಂಗ್ ಪಿಕ್ಚರ್ ಶೋ’ ತೆಗೆದ. ಎರಡು ನಿಮಿಷದ ಈ ಚಿತ್ರದಲ್ಲಿ ಜಾಶ್ ಮಾವ ಪರದೆಯ ನರ್ತಕಿಯನ್ನು ಕಂಡು ಪಕ್ಕದಲ್ಲಿ ನಿಂತು ತಾನೂ ಕುಣಿಯುತ್ತಾನೆ, ರೈಲು ಬಂದಾಗ ಓಡುತ್ತಾನೆ. ಕೊನೆಗೆ ಪರದೆಯಲ್ಲಿ ಹುಡುಗ–ಹುಡುಗಿ ಸರಸವಾಡುವಾಗ ಕೋಟು ಬಿಚ್ಚಿ ಜಗಳಕ್ಕೆ ಹೋಗಿ ಪರದೆಯನ್ನೇ ಕಿತ್ತುಹಾಕುತ್ತಾನೆ. ಹಿಂದೆ ನಿಂತಿದ್ದ ಪ್ರೊಜೆಕ್ಟರ್‌ನವನ ಕೈಗೆ ಸಿಕ್ಕಿ ಉರುಳಾಡುತ್ತಾನೆ.

ಆ ಕಾಲದ ನಗರದ ಪ್ರೇಕ್ಷಕನಿಗೂ ಸಿನಿಮಾ ಹೊಸದೇ. ಒಳಗೊಳಗೆ ಅವನೂ ಬೆರಗಾಗಿದ್ದ, ಬೆಚ್ಚಿದ್ದ. ಆ ಬೆರಗನ್ನು ಹಳ್ಳಿಯವನ ತಲೆಗೆ ಕಟ್ಟಿ ‘ನಾವು ಹಾಗಲ್ಲಪ್ಪ’ ಅಂತ ನೆಮ್ಮದಿಯಾಗಿ ನಗಲು ಜಾಶ್ ಬೇಕಾದ. ಮೊದಲ ಸಿನಿಮಾ ಪ್ರದರ್ಶನದಲ್ಲಿ ರೈಲು ಕಂಡು ಜನ ಎದ್ದು ಓಡಿದರು ಅನ್ನುವ ಪ್ರಸಿದ್ಧ ಕಥೆಯನ್ನು ಇತಿಹಾಸಕಾರರು ಇವತ್ತು ಅಷ್ಟಾಗಿ ನಂಬುವುದಿಲ್ಲ. ಆದರೆ ‘ಹಳ್ಳಿಯವನು ಓಡಿದ’ ಅನ್ನುವ ಹಾಸ್ಯ ಮಾತ್ರ ಫಿಲ್ಮಿನಲ್ಲಿ ಅಚ್ಚೊತ್ತಿ ಉಳಿದಿದೆ. ಅಮೆರಿಕನ್ನರು ಇಂಥ ಪಾತ್ರವನ್ನು ‘ರೂಬ್’ ಅನ್ನುತ್ತಿದ್ದರು; ನಮ್ಮಲ್ಲಿ ‘ಹಳ್ಳಿ ಗಮಾರ’ ಅನ್ನುವಾಗ ಇರುವ ತಿರಸ್ಕಾರವೇ ಅದರಲ್ಲೂ ಇತ್ತು. ಅದೇ 1902ರ ಪೋರ್ಟರ್‌ನ ಮತ್ತೊಂದು ತುಣುಕಿನಲ್ಲಿ, ನ್ಯೂಯಾರ್ಕಿನ ಬವರಿ ಬೀದಿಯಲ್ಲಿ ಹೆಂಗಸೊಬ್ಬಳು ಹಳ್ಳಿಯವನಿಗೆ ಕುಡಿಯುವುದರಲ್ಲಿ ಮತ್ತಿನ ಮದ್ದು ಬೆರೆಸಿ ಅವನನ್ನು ದೋಚುತ್ತಾಳೆ. ಅವನಿಗಾಗಿ ಒಂದು ಕ್ಷಣದ ಮರುಕವೂ ಅದರಲ್ಲಿಲ್ಲ.

1914ರ ‘ಟಿಲ್ಲೀಸ್ ಪಂಕ್ಚರ್ಡ್ ರೊಮ್ಯಾನ್ಸ್’ ಹೊತ್ತಿಗೂ ಹೆಚ್ಚೇನೂ ಬದಲಾಗಿರಲಿಲ್ಲ. ಮ್ಯಾಕ್ ಸೆನೆಟ್ ನಿರ್ದೇಶಿಸಿದ ಆರು ರೀಲಿನ ಈ ಚಿತ್ರ ಅಮೆರಿಕದ ಹಾಸ್ಯಚಿತ್ರಗಳಲ್ಲೇ ಮೊದಲ ಪೂರ್ಣಪ್ರಮಾಣದ್ದು ಅನ್ನಿಸಿಕೊಂಡಿದೆ. ಮೇರಿ ಡ್ರೆಸ್ಲರ್ ಹೊಲಮನೆಯ ಹೆಣ್ಣು ಟಿಲ್ಲಿ. ಪೇಟೆಯ ಮೋಸಗಾರನಾಗಿ ಚಾಪ್ಲಿನ್ ಅವಳನ್ನು ಪುಸಲಾಯಿಸಿ, ಅಪ್ಪನ ದುಡ್ಡು ಕದಿಸಿ, ನಗರಕ್ಕೆ ಕರೆತಂದು ಕೈಬಿಡುತ್ತಾನೆ. ಚಾಪ್ಲಿನ್ ಇದ್ದಾನೆ ಅಂತ ಇದನ್ನೇ ಮೊದಲು ತೋರಿಸಬೇಡಿ. ಚಿತ್ರ ನಗಿಸುವುದು ಅವಳ ಮುಗ್ಧತೆಯನ್ನು ಹಿಡಿದು ಅಲ್ಲ, ಅವಳ ದಪ್ಪ ಮೈಯನ್ನು ಹಿಡಿದು. ನನಗೆ ಅದು ಇವತ್ತಿಗೂ ಇರುಸುಮುರುಸು. ಡ್ರೆಸ್ಲರ್ ಎಂಥ ನಟಿ ಅನ್ನುವುದು ಗೊತ್ತಿದ್ದವರಿಗೆ ಇನ್ನೂ ಹೆಚ್ಚು.

ಹಾಗಾದರೆ ಒಂಬತ್ತೇ ವರ್ಷದಲ್ಲಿ ಟಿಲ್ಲಿಯಿಂದ ಲಾಯ್ಡ್‌ವರೆಗೆ ಏನಾಯಿತು? ಚಿತ್ರಮಂದಿರದ ಕುರ್ಚಿಯಲ್ಲಿ ಕೂತವರು ಬದಲಾದರು. 1920ರ ಜನಗಣತಿಯಲ್ಲಿ ಅಮೆರಿಕದ ಅರ್ಧಕ್ಕಿಂತ ಹೆಚ್ಚು ಜನ, ಅಂದರೆ 51.2 ಶೇಕಡ, ಮೊದಲ ಬಾರಿಗೆ ಪಟ್ಟಣವಾಸಿಗಳೆಂದು ಲೆಕ್ಕಕ್ಕೆ ಬಂದರು. ಆ ಲೆಕ್ಕದಲ್ಲಿ 2,500 ಜನ ಇದ್ದರೆ ಅದು ಪಟ್ಟಣವೇ, ಅದನ್ನೂ ನೆನಪಿಡಿ. ಟಿಕೆಟ್ ಕೊಂಡು ಕೂತವರಲ್ಲಿ ನಿನ್ನೆ ಮೊನ್ನೆ ಪೆಟ್ಟಿಗೆ ಹಿಡಿದು ಸ್ಟೇಷನ್ನಿನಲ್ಲಿ ಇಳಿದವರು ತುಂಬಿಕೊಂಡಿದ್ದರು. ಅವರಿಗೆ ಜಾಶ್ ಮಾವ ಹೊರಗಿನವನಲ್ಲ, ಊರಲ್ಲಿ ಬಿಟ್ಟುಬಂದ ಸೋದರಮಾವ. ಚಿತ್ರ ಮಾಡಿದವರೂ ಅಂಥವರೇ. ಲಾಯ್ಡ್ ಹುಟ್ಟಿದ್ದು ನೆಬ್ರಾಸ್ಕಾದ ಬರ್ಚರ್ಡ್ ಎಂಬ ಪುಟ್ಟ ಊರಲ್ಲಿ, 1893ರಲ್ಲಿ. ಅವನ ಚಿತ್ರದಲ್ಲಿ ಪಾತ್ರಕ್ಕೆ ಬರೀ ‘ಹುಡುಗ’ ಅಂತ ಹೆಸರು. ಆದರೆ ಸಂಬಳದ ಲಕೋಟೆಯ ಮೇಲೆ ಕಾಣುವ ಹೆಸರು ಹೆರಾಲ್ಡ್ ಲಾಯ್ಡ್ ಅಂತಲೇ ಇದೆ. ಆ ಶಾಟನ್ನು ಇನ್ನೊಮ್ಮೆ ನಿಲ್ಲಿಸಿ ನೋಡಿ.

ಇದಕ್ಕಿಂತ ಮುಖ್ಯವಾದ ಇನ್ನೊಂದು ಕಾರಣ ಇದೆ ಅಂತ ನನ್ನ ನಂಬಿಕೆ, ಅದು ಮೌನ. ಹಳ್ಳಿಯವನನ್ನು ಪೇಟೆಯಲ್ಲಿ ಮೊದಲು ಹಿಡಿದುಕೊಡುವುದು ಅವನ ನಾಲಿಗೆ. ನಿಮ್ಮ ತಂದೆಯನ್ನು ಕೇಳಿ ನೋಡಿ, ಚಿಕ್ಕಪೇಟೆಯಲ್ಲಿ ಮೊದಲ ದಿನ ಬಾಯಿ ತೆರೆದ ತಕ್ಷಣ ‘ಯಾವ ಕಡೆಯವನಪ್ಪ ನೀನು’ ಅಂದಿರುತ್ತಾರೆ. ಅಂಕಲ್ ಜಾಶ್ ಕೂಡ ಮೊದಲು ಹುಟ್ಟಿದ್ದು ಸಿನಿಮಾದಲ್ಲಲ್ಲ. ಕ್ಯಾಲ್ ಸ್ಟೂವರ್ಟ್ ಎಂಬ ಕಲಾವಿದ ಹಳ್ಳಿಯ ಮಾತಿನ ಧಾಟಿಯಲ್ಲಿ ಫೋನೋಗ್ರಾಫ್‌ಗೆ ಹೇಳಿದ ನಗೆಮಾತುಗಳಿಂದ ಆ ಪಾತ್ರ ಮನೆಮಾತಾಗಿತ್ತು. ಅಲ್ಲಿ ಜಾಶ್ ಅಂದರೆ ಬರೀ ಉಚ್ಚಾರ. ಮೂಕಿ ಚಿತ್ರಕ್ಕೆ ಬಂದಾಗ ಆ ಅಸ್ತ್ರ ಕೈಜಾರಿತು. ಮಧ್ಯೆ ಬರುವ ಬರಹದ ಚೌಕಟ್ಟುಗಳಲ್ಲಿ ಅಡ್ಡಾದಿಡ್ಡಿ ಕಾಗುಣಿತದಿಂದ ಹಳ್ಳಿಮಾತನ್ನು ತೋರಿಸಿದ್ದುಂಟು, ಆದರೆ ಅದು ಎಷ್ಟು ಹೊತ್ತು ನಡೆದೀತು? ಉಳಿದದ್ದು ಮೈ: ಜನ ನುಗ್ಗುವ ಕಡೆ ನಿಂತುಬಿಡುವುದು, ಕತ್ತೆತ್ತಿ ನೋಡುವುದು, ಗಂಟನ್ನು ಎದೆಗವಚಿಕೊಳ್ಳುವುದು. ಮೊದಲ ಸಲ ಮೆಜೆಸ್ಟಿಕ್‌ನಲ್ಲಿ ಬಸ್ಸಿಳಿದವರು ಯಾವ ಭಾಷೆಯವರಾದರೂ ನಿಂತ ರೀತಿ ಒಂದೇ. ಟಾಕಿ ಬಂದಮೇಲೆ ಲೋಕದಾದ್ಯಂತ ಹಳ್ಳಿಯವನ ಮಾತೇ ಮತ್ತೆ ನಗೆಯ ಸರಕಾಯಿತು. ಕನ್ನಡ ಸಿನಿಮಾದಲ್ಲಿ ಒಂದೊಂದು ಸೀಮೆಯ ಮಾತಿಗೆ ಏನು ಗತಿಯಾಯಿತು ಅಂತ ನಿಮಗೇ ಗೊತ್ತು. ಮೂಕಿಯಲ್ಲಿ ಮಾತ್ರ ಹಳ್ಳಿಯವನು ನಗರದವನಿಗೆ ಸರಿಸಮ, ಇಬ್ಬರಿಗೂ ದನಿ ಇಲ್ಲ.

ನಿಂತು ನೋಡುವವನು ಸಿಕ್ಕರೆ ಕ್ಯಾಮೆರಾಗೂ ಅನುಕೂಲ. ನಗರದವನು ನಗರವನ್ನು ನೋಡುವುದಿಲ್ಲ, ಅದರೊಳಗೆ ಓಡುತ್ತಿರುತ್ತಾನೆ. ಮೂಕಿ ಹಾಸ್ಯದ ಇನ್ನೊಬ್ಬ ದೊಡ್ಡ ನಟ ಬಸ್ಟರ್ ಕೀಟನ್‌ಗೆ ಇದು ಎಷ್ಟು ಚೆನ್ನಾಗಿ ಗೊತ್ತಿತ್ತು ನೋಡಿ. 1925ರ ‘ಗೋ ವೆಸ್ಟ್’ನಲ್ಲಿ ಅವನಿಗೆ ಹೆಸರೇ ಇಲ್ಲ, ‘ಫ್ರೆಂಡ್‌ಲೆಸ್’, ಅಂದರೆ ದಿಕ್ಕಿಲ್ಲದವನು. ಇಂಡಿಯಾನಾದ ಒಂದು ಊರಿನಲ್ಲಿ ಇದ್ದಬದ್ದ ಸಾಮಾನನ್ನೆಲ್ಲ ಮಂಚದ ಸಮೇತ ಅಂಗಡಿಯವನಿಗೆ ಮಾರಿ, ಕೈಗೆ ಬಂದ ಎರಡು ಡಾಲರಿಗೂ ಕಡಿಮೆ ಕಾಸು, ಸ್ವಲ್ಪ ಬ್ರೆಡ್ಡು ಇಟ್ಟುಕೊಂಡು ನ್ಯೂಯಾರ್ಕಿಗೆ ರೈಲು ಹತ್ತುತ್ತಾನೆ. ಅಲ್ಲಿನ ಕಾಲುದಾರಿಯಲ್ಲಿ ಎದುರು ಬಂದ ಜನಸಾಗರ ಅವನನ್ನು ಕೆಡವಿ ತುಳಿದು ಸಾಗುತ್ತದೆ, ಯಾರೂ ಬೇಕಂತ ಮಾಡಿದ್ದಲ್ಲ, ಯಾರೂ ತಿರುಗಿ ನೋಡುವುದೂ ಇಲ್ಲ. ನ್ಯೂಯಾರ್ಕ್ ಅಲ್ಲಿಗೆ ಮುಗಿಯಿತು. ಗೂಡ್ಸ್ ಗಾಡಿ ಹತ್ತಿ ಪಶ್ಚಿಮಕ್ಕೆ ಹೋಗುತ್ತಾನೆ. ಅಲ್ಲಿ ಅವನಿಗೆ ಸಿಗುವ ಮೊದಲ ಗೆಳತಿ ‘ಬ್ರೌನ್ ಐಸ್’ ಎಂಬ ಹಸು. ಕೊನೆಯಲ್ಲಿ ದನಗಳ ದೊಡ್ಡ ಹಿಂಡು ಲಾಸ್ ಏಂಜಲೀಸ್‌ನ ಬೀದಿಗಳಿಗೆ ನುಗ್ಗಿ, ಅಂಗಡಿ, ಕ್ಷೌರದಂಗಡಿಗಳೊಳಗೆಲ್ಲ ಹೊಕ್ಕು ನಗರದವರನ್ನು ದಿಕ್ಕಾಪಾಲು ಓಡಿಸುತ್ತದೆ. ಮೊದಲು ನಗರ ಹಳ್ಳಿಯವನನ್ನು ತುಳಿಯಿತು, ಈಗ ಹಳ್ಳಿಯೇ ನಾಲ್ಕು ಕಾಲಿನಲ್ಲಿ ನಗರಕ್ಕೆ ಬಂತು. ಚಿತ್ರ ನಡುವೆ ಸ್ವಲ್ಪ ಎಳೆಯುತ್ತದೆ, ಆದರೆ ದನ ಕಟ್ಟಿದ ಮನೆಯವರಿಗೆ ಹಸುವಿನ ಮುಂದೆ ಕೀಟನ್ ಮಾಡುವ ಮುಖ ಸಾಕು.

ಹಾಲಿವುಡ್ ಕನಸು ಹೊತ್ತು ಬರುವ ಊರ ಹುಡುಗಿಯರ ಚಿತ್ರಗಳದ್ದೇ ಇನ್ನೊಂದು ಸಾಲು. ಅದರಲ್ಲಿ ಮೇಬಲ್ ನಾರ್ಮಂಡ್‌ಳ ‘ದಿ ಎಕ್ಸ್‌ಟ್ರಾ ಗರ್ಲ್’ (1923) ನೋಡಿ: ನಾಯಿಗೆ ಸಿಂಹದ ವೇಷ ಹಾಕಿದ್ದಾರೆ ಅಂದುಕೊಂಡು ನಿಜವಾದ ಸಿಂಹವನ್ನು ಹಗ್ಗ ಹಿಡಿದು ಸ್ಟುಡಿಯೋ ತುಂಬ ನಡೆಸಿಕೊಂಡು ಹೋಗುತ್ತಾಳೆ. ಕಿಂಗ್ ವಿಡಾರ್‌ನ ‘ಷೋ ಪೀಪಲ್’ (1928) ಹೆಚ್ಚು ನಯವಾದ ಚಿತ್ರ. ಎರಡೂ ಚೆಂದ, ಆದರೆ ಅವು ಸಿನಿಮಾ ಲೋಕದ ಕಥೆಗಳು, ನಿಮ್ಮ ತಂದೆಯ ಕಥೆಯಲ್ಲ.

ನಿಮ್ಮ ತಂದೆಗೆ ನಾನು ತೋರಿಸಬೇಕೆಂದಿರುವುದು ಅಮೆರಿಕದ ಚಿತ್ರ ಅಲ್ಲ. ಅದು ಬೋರಿಸ್ ಬಾರ್ನೆಟ್ 1928ರಲ್ಲಿ ಮಾಸ್ಕೋದಲ್ಲಿ ಮಾಡಿದ ‘ದಿ ಹೌಸ್ ಆನ್ ತ್ರುಬ್ನಾಯಾ’. ರಷ್ಯದ ಕ್ರಾಂತಿಯಾಗಿ ಹತ್ತು ವರ್ಷ ಕಳೆದ ಕಾಲ. ಹಳ್ಳಿಗಳಿಂದ ಜನ ಬಂದು ಬಂದು ಮಾಸ್ಕೋದಲ್ಲಿ ತಲೆ ಇಡಲು ಜಾಗ ಇಲ್ಲ, ಒಂದೊಂದು ಕೋಣೆಗೆ ಒಂದೊಂದು ಸಂಸಾರ. ಅಂಥ ಊರಿಗೆ ಪರಾಶಾ ಎಂಬ ಹುಡುಗಿ ಕಂಕುಳಲ್ಲಿ ಬಾತುಕೋಳಿ ಹಿಡಿದು ಮಾವನನ್ನು ಹುಡುಕಿಕೊಂಡು ಬರುತ್ತಾಳೆ. ಅವಳು ಬಂದಿಳಿಯುವ ಹೊತ್ತಿಗೆ ಆ ಮಾವ ಹಳ್ಳಿಗೆ ಹೊರಟಾಗಿದೆ. ಬೀದಿಯಲ್ಲಿ ಬಾತುಕೋಳಿ ಕೈತಪ್ಪಿ ಓಡುತ್ತದೆ, ಹುಡುಗಿ ಅದರ ಹಿಂದೆ ಓಡುತ್ತಾಳೆ, ಎದುರಿಗೆ ಟ್ರಾಮು. ಇನ್ನೇನು ಅನ್ನುವಾಗ ಚಿತ್ರ ಗಕ್ಕನೆ ನಿಂತುಬಿಡುತ್ತದೆ! ಈ ಬಾತುಕೋಳಿ ಮಾಸ್ಕೋಗೆ ಹೇಗೆ ಬಂತು ಅನ್ನುವುದನ್ನು ಮೊದಲು ಹೇಳೋಣ ಅಂತ ಕಥೆ ಹಿಂದಕ್ಕೆ ಹೋಗುತ್ತದೆ. ಹುಡುಗಿಯ ಕಥೆಯನ್ನು ಬಾತುಕೋಳಿಯ ಕಥೆಯ ನೆಪದಲ್ಲಿ ಹೇಳುವ ಆ ಸಲುಗೆ ನನಗೆ ಬಲು ಇಷ್ಟ.

ಊರಿನವನೇ ಆದ ಡ್ರೈವರೊಬ್ಬ ಗುರುತು ಹಿಡಿದು ಅವಳನ್ನು ತ್ರುಬ್ನಾಯಾ ಬೀದಿಯ ಮನೆಗೆ ಕರೆತರುತ್ತಾನೆ. ಅಲ್ಲಿ ಗೋಲಿಕೋವ್ ಎಂಬ ಕ್ಷೌರಿಕ ಮನೆಗೆಲಸದವಳನ್ನು ಹುಡುಕುತ್ತಿದ್ದಾನೆ. ಅವಳು ಕಾರ್ಮಿಕ ಸಂಘಕ್ಕೆ ಸೇರಿರಬಾರದು, ಅದೊಂದೇ ಷರತ್ತು. ಯಾಕೆ ಅಂತ ಊಹಿಸಬಹುದು. ಆ ಮನೆಯ ಮೆಟ್ಟಿಲುಗಳೇ ಚಿತ್ರದ ದೊಡ್ಡ ಪಾತ್ರ. ಬೆಳಗಾಗುತ್ತಲೂ ಎಲ್ಲ ಬಾಗಿಲುಗಳೂ ತೆರೆದು, ಒಬ್ಬರು ಜಮಖಾನೆ ಕೊಡವಿ, ಒಬ್ಬರು ಸೌದೆ ಸೀಳಿ, ಕಸ ಮೇಲಿನವರಿಂದ ಕೆಳಗಿನವರಿಗೆ. ಬೆಂಗಳೂರಿನ ವಠಾರದಲ್ಲಿ ನಲ್ಲಿಯ ಸರದಿಗೆ ಕೊಡ ಇಟ್ಟು ಕಾದವರು ಯಾರಾದರೂ ಆ ಮೆಟ್ಟಿಲನ್ನು ಗುರುತು ಹಿಡಿಯುತ್ತಾರೆ.

ಜಾಶ್ ಮಾವನನ್ನು ಮರೆಯದೆ ಮುಂದಿನ ದೃಶ್ಯ ನೋಡಿ. ಕಾರ್ಮಿಕರ ಕ್ಲಬ್ಬಿನಲ್ಲಿ ಫ್ರೆಂಚ್ ಕ್ರಾಂತಿಯ ನಾಟಕ. ಜನರ ಮೇಲೆ ದಬ್ಬಾಳಿಕೆ ಮಾಡುವ ಪಾತ್ರಕ್ಕೆ ಬಣ್ಣ ಹಚ್ಚಿ ನಿಂತವನು ಅದೇ ಗೋಲಿಕೋವ್. ಪರಾಶಾಗೆ ತಡೆದುಕೊಳ್ಳಲು ಆಗುವುದಿಲ್ಲ. ರಂಗಕ್ಕೆ ನುಗ್ಗಿ ಅವನಿಗೆ ಬಾರಿಸುತ್ತಾಳೆ. ಆಟವನ್ನು ನಿಜ ಅಂದುಕೊಂಡ ಹಳ್ಳಿಯವಳು. ಹಾಸ್ಯ 1902ರದ್ದೇ, ಒಂದು ಎಳೆಯೂ ಬೇರೆ ಅಲ್ಲ. ಆದರೆ ಜಾಶ್ ಪರದೆ ಹರಿದಾಗ ಅವನ ತಪ್ಪಿಗೆ ನಕ್ಕಿದ್ದೆವು. ಇಲ್ಲಿ ಪರಾಶಾ ತಪ್ಪೇ ಮಾಡಿಲ್ಲ ಅನ್ನಿಸುತ್ತದೆ. ಅವಳು ಹೊಡೆದದ್ದು ನಾಟಕದ ದೊರೆಗೆ ಇರಬಹುದು, ಪೆಟ್ಟು ಬಿದ್ದದ್ದು ಮನೆಯಲ್ಲಿ ಅವಳನ್ನು ಹಗಲಿರುಳು ದುಡಿಸಿಕೊಂಡವನಿಗೆ. ಒಂದೇ ನಗೆಯ ಸರಕು ಇಪ್ಪತ್ತಾರು ವರ್ಷದಲ್ಲಿ ಕೈ ಬದಲಿಸಿತು. ನಿಮ್ಮ ‘ಗೇಲಿಯೇ?’ ಪ್ರಶ್ನೆಗೆ ನನ್ನ ಉತ್ತರ ಈ ಎರಡು ದೃಶ್ಯಗಳ ನಡುವಿನ ದೂರದಲ್ಲಿದೆ.

ಆಮೇಲೆ ಕೆಲಸ ಕಳೆದುಕೊಳ್ಳುವ ಪರಾಶಾ, ಮಾಸ್ಕೋ ನಗರ ಸೋವಿಯತ್‌ಗೆ, ಅಂದರೆ ನಗರದ ಆಡಳಿತ ಸಭೆಗೆ, ಆರಿಸಿ ಬಂದಿದ್ದಾಳೆ ಅನ್ನುವ ಸುದ್ದಿ ಹಬ್ಬಿದಾಗ ಮನೆಯವರೆಲ್ಲ ಅವಳಿಗಾಗಿ ಔತಣ ಸಿದ್ಧ ಮಾಡುವ ಭಾಗವನ್ನು ಹೇಳುವುದಿಲ್ಲ, ನೋಡಿಯೇ ಸವಿಯಬೇಕು. ಪರಾಶಾ ಆಗಿರುವವಳು ವೇರಾ ಮಾರೆತ್ಸ್ಕಾಯಾ. ಅವಳ ಗುಂಡುಮುಖದಲ್ಲಿ ದಡ್ಡತನ ಎಲ್ಲೂ ಇಲ್ಲ, ಎಲ್ಲವನ್ನೂ ಅರ್ಥಮಾಡಿಕೊಳ್ಳಬೇಕೆಂಬ ಪಟ್ಟು ಇದೆ. ಹಿಡಿಸಿದರೆ ಬಾರ್ನೆಟ್ ಹಿಂದಿನ ವರ್ಷ ಮಾಡಿದ ‘ದಿ ಗರ್ಲ್ ವಿತ್ ಎ ಹ್ಯಾಟ್‌ಬಾಕ್ಸ್’ ಕೂಡ ಹಾಕಿ. ಅದರಲ್ಲಿ ಊರಿನಿಂದ ಬಂದ ಹುಡುಗನಿಗೆ ಮಲಗಲು ಕೋಣೆ ಸಿಗಲಿ ಅಂತಲೇ ಹುಡುಗಿ ಅವನನ್ನು ಮದುವೆ ರಿಜಿಸ್ಟರ್ ಮಾಡಿಕೊಳ್ಳುತ್ತಾಳೆ.

ತೋರಿಸುವ ಮುಂಚೆ ಎರಡು ವಿಷಯ. ಈ ಕಾಲದ ಅಮೆರಿಕನ್ ಚಿತ್ರಗಳಲ್ಲಿ ಹಳ್ಳಿಯವನಿಗೆ ಸಿಕ್ಕ ಮರ್ಯಾದೆ ಎಲ್ಲರಿಗೂ ಸಿಕ್ಕಿಲ್ಲ. ‘ಸೇಫ್ಟಿ ಲಾಸ್ಟ್!’ನಲ್ಲೇ ಸರ ಮಾರುವ ಯಹೂದಿ ವ್ಯಾಪಾರಿಯನ್ನು ತೋರಿಸಿದ ರೀತಿ ಹೀನಾಯವಾದದ್ದು. ಅದನ್ನು ನಾನು ಮುಚ್ಚಿಡುವುದಿಲ್ಲ, ಮಕ್ಕಳ ಜೊತೆ ನೋಡುವುದಾದರೆ ಮಾತಾಡಿ. ಇನ್ನೊಂದು, ವೇಗ. ಮೂಕಿ ಚಿತ್ರಗಳನ್ನು ಕೈಯಲ್ಲಿ ತಿರುಗಿಸಿ ತೆಗೆಯುತ್ತಿದ್ದರು, ಒಂದೊಂದಕ್ಕೂ ಒಂದೊಂದು ಗತಿ. ಅಂತರ್ಜಾಲದಲ್ಲಿ ಸಿಗುವ ಎಷ್ಟೋ ಪ್ರತಿಗಳು ತಪ್ಪು ವೇಗದಲ್ಲಿ ಓಡಿ ಮನುಷ್ಯರು ಇರುವೆಗಳ ಹಾಗೆ ಕಾಣುತ್ತಾರೆ. ಹಾಗೆ ಕಂಡರೆ ಆ ಪ್ರತಿ ಬಿಟ್ಟು, ಚಿತ್ರ ಸಂಗ್ರಹಾಲಯಗಳು ಸರಿಪಡಿಸಿ ಹೊರತಂದದ್ದನ್ನು ಹುಡುಕಿ. ಹಿನ್ನೆಲೆಗೆ ಪಿಯಾನೊ ಒಂದೇ ಇರುವ ಪ್ರತಿ ಸಿಕ್ಕರೆ ಇನ್ನೂ ವಾಸಿ.

ಬರಹದ ಚೌಕಟ್ಟುಗಳು ಬಂದಾಗ ತಂದೆಗೆ ನೀವೇ ಕನ್ನಡದಲ್ಲಿ ಓದಿ ಹೇಳಿ. ನಿಮ್ಮ ಊರಿನ ಮಾತಿನಲ್ಲೇ ಹೇಳಿ, ಅರಸೀಕೆರೆ ಕಡೆಯ ಮಾತಿನಲ್ಲಿ.